ಖಾಲಿ ತಾಟಿನ ಮಿಷನ್ನು

ಝುವಾರಿನಗರದಾಗ ಉಪ್ಪಿನ ಗಾಳಿ ಮೊದಲು ತಿನ್ನೂದು
ಬಾಗಿಲದ ಚಿಲಕ, ಆಮ್ಯಾಲೆ ತಗಡು,
ಆಮ್ಯಾಲೆ ಮಿಷನ್ನಿನ ಕಣ್ಣು.
ಸೀಡಿ ಹಾಕಿದರ ಗರಗರ ಅಂತಿತ್ತು,
ಮುದುಕಿ ಸೂಜಿಗೆ ದಾರ ಪೋಣಿಸಿದಂಗ ಹುಡುಕಿ ಹುಡುಕಿ
ಸೋತು, ಕೆಂಪು ಪರದೆ ಬಿಡತಿತ್ತು.

ಕಾಸ್ಮಿರೋ ಮೇಸ್ತ್ರಿ ವಾಸ್ಕೋದಾಗ ರೇಡಿಯೋ ಬಿಚ್ಚಿ ಬಿಚ್ಚಿ ಮುಪ್ಪಾದಾಂವ.
ಮುಚ್ಚಳ ತಗದು, ಮೂಸಿ ನೋಡಿ ಅಂದ:
"ಬಾಯ್, ಕಣ್ಣು ಹೋಗೈತಿ. ಹೊಸದು ಸಿಗಾಂಗಿಲ್ಲ.
ನೋಡೂದು ಬಿಡಿಸಿ, ಇದಕ ನೆನಪು ಮಾಡೂದು ಕಲಸೂಣು."

ಹಾರ್ಡ್ ಡಿಸ್ಕು ತಂದ. ಯಾವುದೋ ಬಾರಿನ ಕ್ಯಾಮರಾ ಡಬ್ಬಿಯೊಳಗಿಂದು,
ನಾಕು ವರ್ಷ ಕುಡುಕರು ಎದ್ದು ಹೋಗೂದಷ್ಟ ಕಂಡದ್ದು.
ಅದನ್ನೆಲ್ಲಾ ಒರಸಿ ಆಟ ತುಂಬಿದ.
ಮೆಮರಿ ಕಾರ್ಡಿನಾಗ ಚಿಟಿಕೆಯಷ್ಟು ಸಾಫ್ಟ್‌ವೇರು.
ಕಂಪನಿಯವರದಲ್ಲ. ಮತ್ತ ಯಾರದು ಅಂದರ ಭುಜ ಹಾರಿಸಿದ:
ಎಲ್ಲೋ ನಿದ್ದಿಗೆಟ್ಟ ಹುಡುಗೂರು ಬರದದ್ದು, ರೊಕ್ಕ ಕೇಳಂಗಿಲ್ಲ.
ಅದರ ಕೆಲಸ ಒಂದ. ಖಾಲಿ ತಾಟು ತುಂಬೈತಿ ಅಂತ
ಮಿಷನ್ನಿಗೆ ನಂಬಸೂದು.
ಆ ಕೆಲಸ ಬಲ್ಲವರು ನಮ್ಮ ಓಣ್ಯಾಗ ಬಹಳ ಮಂದಿ ಅದಾರ.

ನನಗ ಇಂಗ್ಲೀಷ ಬರಂಗಿಲ್ಲ. ಸಾಲು ಎಣಸಾಕ ಬರತೈತಿ.
ಮೂರನೇದು ಕುಸ್ತಿ, ಏಳು ಮೋಟಾರು, ಹನ್ನೊಂದು ಕಾಲ್ಚೆಂಡು.
ಹದಿನಾಲ್ಕು ಮುಟ್ಟಬ್ಯಾಡ್ರೋ, ಕರೀ ಪರದೀಗೆ ನಿಂತುಬಿಡತೈತಿ!
ಹೊರಗ ಬಂಗಡಿ ಸ್ವಚ್ಛ ಮಾಡಕೋತ ಕೂಗತೇನಿ.
ಅರ್ಧ ತಾಸಿಗೆ ಹತ್ತು ರೂಪಾಯಿ.

ಒಂದು ಐಬು ಐತಿ. ಆಟ ಡಿಸ್ಕಿನಾಗ ತುಂಡು ತುಂಡಾಗಿ ಮಲಗಿದ್ರ
ಏಳಂಗಿಲ್ಲ. ತಲಿಯಿಂದ ಕಾಲತನಕ ಒಂದ ಚಾಪಿ ಬೇಕು ಅದಕ.
ನಡುವಿಂದು ಅಳಿಸಿ ಮತ್ತೊಂದು ತುರುಕಿದ್ರ ಕೆಟ್ಟಹೋತು.
ಎಲ್ಲಾ ಹೊರಗ ತಗದು, ಗುಡಿಸಿ, ಒಂದೊಂದ ಒಳಗ ಕರೀಬೇಕು,
ನಮ್ಮ ಖೋಲ್ಯಾಗ ರಾತ್ರಿ ಏಳು ಮಂದಿ ಮಲಗಿಸಿದಂಗ:
ಮೊದಲ ಅತ್ತಿ, ಗ್ವಾಡೀಗೆ. ಆಮ್ಯಾಲೆ ಉದ್ದನ್ನಾವರು.

ಮತ್ತ, ಮಾತಿನ ದೃಶ್ಯ ಬಂದ್ರ ತೊದಲತೈತಿ.
ಬಾಯಿ ತಗದಾಂವ ತಗದಂಗ, ದನಿ ಹಿಂದಿಂದ ಬರತೈತಿ.
ಓಡೂದು ಹೊಡದಾಡೂದು ಮಾತ್ರ ನೆಟ್ಟಗ.
ಹುಡುಗರಿಗೆ ಬೇಕಾದದ್ದೂ ಅಷ್ಟ.

ಗೈಬುಸಾಬ ಹಂಗಲ್ಲ. ಇಳಕಲ್ಲ ಕಡೆ ಹುಡುಗ, ಹನ್ನೆರಡು ವರ್ಷ,
ಅಪ್ಪ ಬಾರ್ಜಿನಾಗ ಅದಿರು ಗುಡಿಸಾಂವ.
ಹತ್ತು ರೂಪಾಯಿ ಇಟ್ಟು ಹನ್ನೊಂದನೇದು ತಗೀತಾನ, ಆಡಂಗಿಲ್ಲ.
ಆಟಗಾರರ ಅಂಗಿ ಬಿಡಿಸೂ ಕಡೆ ಹೋಗಿ ಕೂಡತಾನ.
"ಆಡಲೇ" ಅಂತ ಉಳದವರು ಬೈದರೂ ಕೂಡತಾನ.
ಎಂಟು ದಿನ. ಎಂಬತ್ತು ರೂಪಾಯಿ.
ರೊಕ್ಕ ಎಲ್ಲಿಂದು? ಅವರವ್ವಗ ಹೇಳಬೇಕು ಅಂದಕೊಂಡೆ.

ಒಂಬತ್ತನೇ ದಿನ ಬಾಣಲಿ ಒಲಿಮ್ಯಾಲ ಬಿಟ್ಟು
ಕೈ ಒರಸಕೊಂಡು ಒಳಗ ಹೋದೆ.
ಆ ಮಿಷನ್ನಿಗೆ ಕನ್ನಡ ಗೊತ್ತಿಲ್ಲ. ಗೊತ್ತಿದ್ದದ್ದು
ಗುಂಡು, ಚೌಕ, ಪಟ್ಟಿ.
ಒಂದು ಬಿಳೀ ಬಳಿ ಇಟ್ಟಾನ. ಅದರ ಕೆಳಗಿನ ಅರ್ಧ
ಅಂಗಿಯ ಹಸಿರು ಚೌಕದಿಂದ ಮುಚ್ಯಾನ.
ಮ್ಯಾಲೆ ತಲಕಟ್ಟಿನ ಪಟ್ಟಿ, ಸ್ವಲ್ಪ ಸೊಟ್ಟ.
ಬೆನ್ನ ತುಂಬ ಅಷ್ಟು ದೊಡ್ಡ ‘ಗ’.

ನಾ ಕಲತದ್ದು ಎರಡನೇತ್ತ. ಅದು ಓದಾಕ ಬಂತು.
"ಪೂರ್ತಿ ಹೆಸರು ಯಾಕ ಬರೀಲಿಲ್ಲೋ?"
"ಐತ್ವಕ್ಕ ತುಂಡು ಸಾಲಂಗಿಲ್ಲ, ಚಿಗವ್ವಾ. ಹದಿನಾರ ಕೊಡತೈತಿ."

ಆಗ ಮೊದಲನೇ ಸಲ ಆಡು ಅಂತ ಒತ್ತಿದ.
‘ಗ’ ಓಡಿತು. ಹಿಂದಿಂದ ನೋಡಾಕ ಛಲೋ ಇತ್ತು.
ಐದು ಗೋಲು ತಿಂದ.
ಬಂಗಡಿ ಹೊತ್ತಿದ ವಾಸನಿ ಬಂದಾಗ ನೆನಪಾತು,
ಅವನ ಅರ್ಧ ತಾಸು ಮುಗದು
ಬಾಳ ಹೊತ್ತಾಗಿತ್ತು.